ದೊಡ್ಡಜ್ಜಿಯ ಇಪ್ಪತ್ತೆಂಟು

ಈ ಸಲ ದಸರಾ ರಜೆಗೆ ಮೊಮ್ಮಗಳು ಪುಟ್ಟಿ ಹಾಗಲವಾಡಿಗೆ ಬಂದಾಗ ನಮ್ಮ ಮನೆಯಲ್ಲಿ ಒಂದು ಸುಳ್ಳು ಸಿಕ್ಕಿಬಿತ್ತು. ಹೇಳಿದವಳು ನನ್ನ ಅಕ್ಕಯ್ಯ, ವಯಸ್ಸು 79. ಹಿಡಿದವಳು ಪುಟ್ಟಿ, ಎಂಟನೇ ಕ್ಲಾಸು. ಮೂರು ತಿಂಗಳಿನಿಂದ ಆ ಸುಳ್ಳನ್ನು ನಂಬಿಕೊಂಡು ಕೂತಿದ್ದವನು ನಾನು.

ಅಕ್ಕಯ್ಯನಿಗೆ ಸೋಬಾನೆ ಪದಗಳು ಬರುತ್ತವೆ. ನಮ್ಮವ್ವನಿಂದ ಕಲಿತವು. ಚಪ್ಪರ ಹಾಕುವಾಗ ಒಂದು, ಅರಿಶಿನ ಹಚ್ಚುವಾಗ ಒಂದು, ಹೆಣ್ಣು ಒಪ್ಪಿಸುವಾಗ ಎಲ್ಲರನ್ನೂ ಅಳಿಸುವಂಥದ್ದು ಇನ್ನೊಂದು. ಈಗ ಮದುವೆಗಳೆಲ್ಲ ಗುಬ್ಬಿಯಲ್ಲೋ ತುಮಕೂರಿನಲ್ಲೋ ಛತ್ರದಲ್ಲಿ ನಡೆಯುತ್ತವೆ, ಹಾಡುವ ಕೆಲಸವನ್ನು ಸ್ಪೀಕರ್ ಮಾಡುತ್ತದೆ. ನಮ್ಮ ಬೀದಿಯಲ್ಲಿ ಅವಳ ಜೊತೆ ಧ್ವನಿಗೂಡಿಸುತ್ತಿದ್ದವರು ಒಬ್ಬೊಬ್ಬರಾಗಿ ಹೋದರು. ಆ ಹಾಡುಗಳನ್ನು ಬರೆದಿಡಬೇಕು, ಅಕ್ಕಯ್ಯನ ಮೊಮ್ಮಗನ ಮದುವೆಗೆ ನೂರು ಪ್ರತಿ ಅಚ್ಚು ಹಾಕಿಸಿ ತಾಂಬೂಲದ ಜೊತೆ ಹಂಚಬೇಕು ಎಂದು ನನಗೆ ಆಸೆ. ಅವಳು ಸಂಜೆ ಜಗಲಿಯಲ್ಲಿ ಕೂತು ಹಾಡುತ್ತಾಳೆ. ನಾನು ನೋಟುಬುಕ್ಕಿನಲ್ಲಿ ಗೀಚಿಕೊಳ್ಳುತ್ತೇನೆ. ಮರುದಿನ ಮಗ ಕೊಟ್ಟುಹೋದ ಹಳೆಯ ಲ್ಯಾಪ್‌ಟಾಪಿನಲ್ಲಿ ಟೈಪ್ ಮಾಡಿ, ಪರದೆಯನ್ನು ಅವಳ ಕಡೆಗೆ ತಿರುಗಿಸುತ್ತೇನೆ. ಮನೆಯಲ್ಲಿ ಪ್ರಿಂಟರ್ ಇಲ್ಲ. ಅಕ್ಕಯ್ಯ ಆಗಿನ ಕಾಲದ ನಾಲ್ಕನೇ ಕ್ಲಾಸು ಓದಿದವಳು, ಕನ್ನಡ ಚೆನ್ನಾಗಿ ಓದುತ್ತಾಳೆ. ಪರದೆಯ ಕಡೆ ಬಗ್ಗಿ ತುಟಿ ಅಲ್ಲಾಡಿಸುತ್ತಾಳೆ, ತಲೆ ಆಡಿಸುತ್ತಾಳೆ, "ಸರಿಯಾಗೈತೆ ಕಣ್ಲಾ ತಮ್ಮಯ್ಯ" ಅನ್ನುತ್ತಾಳೆ. ಹೀಗೆ 14 ಹಾಡು ಸರಿಯಾದವು.

ರಜೆಗೆ ಬಂದ ಪುಟ್ಟಿ ಎರಡು ದಿನ ಸುಮ್ಮನೆ ಇದನ್ನು ನೋಡಿದಳು. ಮೂರನೆಯ ದಿನ, ನಾನು ಕಾಫಿ ಕುಡಿಯಲು ಒಳಗೆ ಹೋದಾಗ, ಹದಿನಾಲ್ಕನೆಯ ಹಾಡಿನ ಕೊನೆಗೆ ತನ್ನದೊಂದು ಸಾಲು ಸೇರಿಸಿದಳು. "ದೊಡ್ಡಜ್ಜಿ ಅಡಿಗೆಮನೆಯಲ್ಲಿ ಕಡುಬು ಕದ್ದು ತಿಂದಳು" ಎಂದು. ಆಮೇಲೆ ಪರದೆ ತಿರುಗಿಸಿ, "ದೊಡ್ಡಜ್ಜಿ, ಇದು ನೋಡಿ, ಸರಿಯಾಗಿದ್ಯಾ?" ಎಂದು ಕೇಳಿದಳು.

ಅಕ್ಕಯ್ಯ ಬಗ್ಗಿದಳು. ತುಟಿ ಅಲ್ಲಾಡಿಸಿದಳು. "ಸರಿಯಾಗೈತೆ ಕಣವ್ವ" ಎಂದಳು.

ಪುಟ್ಟಿ ನಕ್ಕಳು, ನಾನೂ ನಕ್ಕೆ. ಅಕ್ಕಯ್ಯ ನಗಲಿಲ್ಲ. ಸೆರಗಿನಿಂದ ಕನ್ನಡಕ ಒರೆಸಿಕೊಂಡು, "ಕಾಣಾಕಿಲ್ಲ ಕಣವ್ವ, ಇರುವೆ ಸಾಲು ಹೋದಂಗೆ ಕಾಣ್ತದೆ. ನಿಮ್ಮ ತಾತ ಅಷ್ಟು ಕಷ್ಟಪಟ್ಟು ಬರ್ದವ್ನೆ, ಕಾಣ್ಸಲ್ಲ ಅಂತ ಹೆಂಗೇಳ್ಲಿ" ಎಂದಳು. ಒಂದು ಕಣ್ಣಿನ ಪೊರೆ ತೆಗೆಸಿದ್ದಾರೆ. ಇನ್ನೊಂದಕ್ಕೆ ಮುಂದಿನ ತಿಂಗಳು ಎಂದು ಎರಡು ವರ್ಷದಿಂದ ಹೇಳುತ್ತಿದ್ದಾಳೆ. ಇದೆಲ್ಲ ನನಗೆ ಗೊತ್ತಿತ್ತು. ಗೊತ್ತಿದ್ದೂ ನನ್ನ ಕಣ್ಣಿಗೆ ಹೊಂದುವ 12ರ ಅಳತೆಯಲ್ಲಿ ಟೈಪ್ ಮಾಡಿ ಅವಳ ಮುಂದೆ ಹಿಡಿಯುತ್ತಿದ್ದೆ.

ದೊಡ್ಡದು ಮಾಡುವುದು ಗೊತ್ತಿರಲಿಲ್ಲವೇ ಎಂದು ನೀವು ಕೇಳಬಹುದು. ಅಕ್ಷರ ದೊಡ್ಡದಾಗುತ್ತದೆ ಎನ್ನುವುದು ಗೊತ್ತಿತ್ತು. ಆದರೆ ಹಾಗೆ ಮಾಡಿದರೆ ನಾಳೆ ಅಚ್ಚಿನವರಿಗೆ ಕೊಡುವ ಬರಹವೂ ಅಷ್ಟೇ ದೊಡ್ಡದಾಗಿಬಿಡುತ್ತದೆ, ಪುಟ ಹೆಚ್ಚುತ್ತದೆ, ಖರ್ಚು ಏರುತ್ತದೆ ಎಂದು ನನ್ನ ಲೆಕ್ಕ. ಮದುವೆ ಕಾರ್ಡಿನ ಮ್ಯಾಟರ್ ಸಿದ್ಧಪಡಿಸುವ ಸಾಫ್ಟ್‌ವೇರ್‌ಗಳಲ್ಲಿ ಹಾಗೆಯೇ ಆಗುವುದನ್ನು ನೋಡಿದ್ದೆನಲ್ಲ. ಪುಟ್ಟಿ ಹಣೆ ಚಚ್ಚಿಕೊಂಡಳು. "ತಾತ, ಇದು ಟೆಕ್ಸ್ಟ್ ಎಡಿಟರ್. ಇಲ್ಲಿ ಸೈಜು ಬರಹದ್ದಲ್ಲ, ನೋಡೋರದ್ದು!"

ಈ ವಾರದ ಅಂಕಣ ಪುಟ್ಟಿಯ ಆ ಒಂದು ಮಾತಿನ ಮೇಲೆ.

ನನ್ನ ಲ್ಯಾಪ್‌ಟಾಪಿನಲ್ಲಿ ಇರುವುದು ಉಬುಂಟು. ಅದರಲ್ಲಿ ಬರೆಯಲು ಜೀಎಡಿಟ್ ಎಂಬ ಟೆಕ್ಸ್ಟ್ ಎಡಿಟರ್ ಇದೆ, ಅಂದರೆ ಬರೀ ಅಕ್ಷರ ಬರೆಯುವ, ತಿದ್ದುವ ಸರಳ ಸಲಕರಣೆ. ಪುಟ್ಟಿ ಅದರ ಮೆನುವಿನಲ್ಲಿ ಪ್ರಿಫರೆನ್ಸಸ್ ತೆರೆದಳು. ಅಲ್ಲಿ 'ಫಾಂಟ್ ಮತ್ತು ಬಣ್ಣ' ಎಂಬ ಪುಟ. ಮೇಲುಗಡೆ ಒಂದು ಚೌಕದಲ್ಲಿ ಟಿಕ್ ಗುರುತು ಇತ್ತು. ಕಂಪ್ಯೂಟರ್ ತಾನೇ ಆರಿಸಿಕೊಂಡ ಫಾಂಟನ್ನು ಬಳಸು ಎಂದು ಅದರ ಅರ್ಥ. ಆ ಟಿಕ್ ತೆಗೆದಳು. ಆಗ ಕೆಳಗಿನ ಗುಂಡಿಗೆ ಜೀವ ಬಂತು, ಒತ್ತಿದರೆ ಫಾಂಟುಗಳ ಉದ್ದನೆಯ ಪಟ್ಟಿ. ಅದರಲ್ಲಿ 'ಗುಬ್ಬಿ' ಎಂಬ ಹೆಸರು ಕಂಡು ನಾನು ಹಿಗ್ಗಿಹೋದೆ, ನಮ್ಮ ತಾಲ್ಲೂಕಿನ ಹೆಸರಿನದೊಂದು ಕನ್ನಡ ಫಾಂಟು! ಸ್ವಲ್ಪ ಕೆಳಗೆ ಹೋದರೆ ಕೈಬರಹದಂತೆ ಕಾಣುವ 'ನವಿಲು' ಇತ್ತು. ಹಾಗಾಗಿ ಅದು ಹಾರುವ ಗುಬ್ಬಿಯೇ ಇರಬೇಕು, ನಮ್ಮ ಗುಬ್ಬಿ ಅಲ್ಲ ಎಂದು ಪುಟ್ಟಿ ತೀರ್ಪು ಕೊಟ್ಟಳು. ಕನ್ನಡದ ಫಾಂಟುಗಳಿಗೆ ಹೆಸರಿಟ್ಟವರು ರಸಿಕರು ಮಕ್ಕಳೇ. ಹಕ್ಕಿಗಳಾದವು, ಹೂವುಗಳೂ ಇವೆ. ಕೇದಗೆ, ಮಲ್ಲಿಗೆ ಎಂಬ ಫಾಂಟುಗಳಿವೆ. ವಿಂಡೋಸ್‌ನಲ್ಲಿರುವ ಕನ್ನಡ ಫಾಂಟಿಗೆ ನದಿಯ ಹೆಸರು, ತುಂಗಾ.

ನಾನು ಅಭಿಮಾನದಿಂದ ಗುಬ್ಬಿಯನ್ನೇ ಆರಿಸಿದೆ. ಪುಟ್ಟಿ ಅಳತೆಯನ್ನು 12ರಿಂದ 16 ಮಾಡಿದಳು. "ಈಗ?" ಅಕ್ಕಯ್ಯ ತಲೆ ಆಡಿಸಿದಳು, ಹೌದೋ ಅಲ್ಲವೋ ತಿಳಿಯಲಿಲ್ಲ. 20. "ಈಗ?" "ವಸಿ ಕಾಣ್ತದೆ." 24. 28ಕ್ಕೆ ಬಂದಾಗ ಅಕ್ಕಯ್ಯ ಏನೂ ಹೇಳದೆ ಬೆರಳಿಟ್ಟು ಓದತೊಡಗಿದಳು. ಎರಡನೆಯ ಸಾಲಿಗೇ ಬೆರಳು ನಿಂತಿತು.

"ಇದೇನ್ಲಾ ಇದು, ಕರೆ? ಕೆರೆ ಅಲ್ವೇನ್ಲಾ! ನೀರು ತರಕ್ಕೆ ಕರೆಗೆ ಯಾಕ್ಲಾ ಹೋಗ್ತಾಳೆ?"

ನಾನು ಕೆರೆ ಎಂದು ಬರೆಯುವಲ್ಲಿ ಕರೆ ಎಂದು ಒತ್ತಿದ್ದೆ. ಪುಟ್ಟ ಕೊಂಬಿನಂಥ ಒಂದು ಗುರುತು ತಪ್ಪಿ ಹೋಗಿತ್ತು, ಊರಿನ ಕೆರೆಯೇ ಮಾಯವಾಗಿತ್ತು. ಆ ಒಂದೇ ಹಾಡಿನಲ್ಲಿ ಅವಳು ಹನ್ನೊಂದು ತಪ್ಪು ಹಿಡಿದಳು. 'ಸರಿಯಾಗೈತೆ' ಎಂದು ಮೂರು ತಿಂಗಳ ಹಿಂದೆ ಪಾಸು ಮಾಡಿದ್ದ ಹಾಡು ಅದು.

ಅಳತೆ ಆಯಿತು, ಆಮೇಲೆ ಬಣ್ಣ. ಹತ್ತು ನಿಮಿಷ ಓದಿದ ಮೇಲೆ ಅಕ್ಕಯ್ಯನ ಕಣ್ಣಲ್ಲಿ ನೀರು ಇಳಿಯತೊಡಗಿತು. ಬಿಳಿಯ ಪರದೆ ಅವಳಿಗೆ ಮಧ್ಯಾಹ್ನದ ಸುಣ್ಣದ ಗೋಡೆ ನೋಡಿದಂತೆ ಆಗುತ್ತಿತ್ತು. ಪೊರೆ ಬಂದ ಕಣ್ಣಿನ ಮಸೂರ ಮಂಜಾದ ಗಾಜಿನ ಹಾಗೆ. ಪರದೆಯ ಬಿಳಿ ಬೆಳಕು ಅದರಲ್ಲಿ ಚದುರಿ, ಕಪ್ಪು ಅಕ್ಷರದ ಮೇಲೂ ಹರಡಿ ಅದನ್ನು ಮಸಕು ಮಾಡುತ್ತದೆ. ಜೀಎಡಿಟ್‌ನ ಅದೇ ಪುಟದಲ್ಲಿ ಕೆಳಗೆ ಬಣ್ಣದ ಜೋಡಿಗಳ ಪಟ್ಟಿ ಇದೆ: ಕ್ಲಾಸಿಕ್, ಕೋಬಾಲ್ಟ್, ಒಬ್ಲಿವಿಯನ್, ಸೋಲರೈಸ್ಡ್ ಎಂದೆಲ್ಲ. ಪುಟ್ಟಿಗೆ ಇಷ್ಟವಾದದ್ದು ಸೋಲರೈಸ್ಡ್ ಲೈಟ್, ಕೆನೆ ಬಣ್ಣದ ಹಿನ್ನೆಲೆ, ಬೂದು ಅಕ್ಷರ. ನೋಡಲು ಬಹಳ ಚೆಂದ. ಈಥನ್ ಶೂನೋವರ್ ಎಂಬುವರು 2011ರಲ್ಲಿ ಮಾಡಿದ್ದು, ಹೊತ್ತುಗಟ್ಟಲೆ ಪರದೆ ನೋಡುವವರ ಕಣ್ಣು ಕುಕ್ಕದಿರಲಿ ಎಂದು ಬೇಕೆಂದೇ ಅಕ್ಷರಕ್ಕೂ ಹಿನ್ನೆಲೆಗೂ ಅಂತರ ಕಡಿಮೆ ಇಟ್ಟಿದ್ದಾರೆ.

ಅಕ್ಕಯ್ಯ ಒಮ್ಮೆ ನೋಡಿ ಹೇಳಿದಳು, "ಬೂದಿ ಮ್ಯಾಲೆ ರಂಗೋಲಿ ಬಿಟ್ಟಂಗೈತೆ."

ನಾನು ಎಷ್ಟೋ ಲೇಖನಗಳಲ್ಲಿ ಓದಿದ್ದ ವಿಷಯವನ್ನು ಅವಳು ಒಂದು ಮಾತಲ್ಲಿ ಮುಗಿಸಿದಳು. ಅಕ್ಷರದ ಬಣ್ಣ ಯಾವುದು ಎನ್ನುವುದು ದೊಡ್ಡ ವಿಷಯವಲ್ಲ, ಹಿನ್ನೆಲೆಗೂ ಅದಕ್ಕೂ ಬೆಳಕಿನ ಅಂತರ ಎಷ್ಟು ಎನ್ನುವುದೇ ವಿಷಯ. ಇದನ್ನು ಅಳೆಯುವ ಲೆಕ್ಕವೂ ಇದೆ. ಅಚ್ಚ ಬಿಳಿಗೂ ಅಚ್ಚ ಕಪ್ಪಿಗೂ ಇರುವ ಅಂತರ 21ಕ್ಕೆ 1. ಅದಕ್ಕಿಂತ ಹೆಚ್ಚು ಸಾಧ್ಯವಿಲ್ಲ. ಅಂತರಜಾಲದ ಪುಟಗಳು ಎಲ್ಲರಿಗೂ ಓದಲು ಬರುವಂತಿರಬೇಕು ಎಂದು ಮಾಡಿರುವ ಅಂತಾರಾಷ್ಟ್ರೀಯ ನಿಯಮದಲ್ಲಿ ಮಾಮೂಲಿ ಗಾತ್ರದ ಅಕ್ಷರಕ್ಕೆ ಕನಿಷ್ಠ 4.5ಕ್ಕೆ 1 ಇರಬೇಕು, ಇನ್ನೂ ಕಟ್ಟುನಿಟ್ಟು ಬೇಕಾದರೆ 7ಕ್ಕೆ 1. ಅಕ್ಷರ ದೊಡ್ಡದಾಗಿದ್ದರೆ 3ಕ್ಕೆ 1 ಕೂಡ ನಡೆಯುತ್ತದೆ. ಹಳದಿ ಮೇಲೆ ಬಿಳಿ ಬರೆದರೆ ಯಾಕೆ ಕಾಣಿಸುವುದಿಲ್ಲ ಎಂಬುದು ಇಲ್ಲೇ ತಿಳಿಯುತ್ತದೆ. ಬಣ್ಣ ಎರಡು, ಆದರೆ ಬೆಳಕು ಹೆಚ್ಚುಕಡಿಮೆ ಒಂದೇ.

ಪುಟ್ಟಿ ಕಡುನೀಲಿ ಹಿನ್ನೆಲೆಯ ಕೋಬಾಲ್ಟ್ ಹಾಕಿದಳು. ಕಡುನೀಲಿ ಮೇಲೆ ಬಿಳಿ ಅಕ್ಷರ. ಅಕ್ಕಯ್ಯನ ಮುಖ ಸಡಿಲವಾಯಿತು. "ಹಾ, ಇದು ಸಗಣಿ ಸಾರ್ಸಿ ರಂಗೋಲಿ ಬಿಟ್ಟಂಗೈತೆ. ಇದು ಇರ್ಲಿ."

ನನ್ನ ವಯಸ್ಸಿನ ಓದುಗರಿಗೆ ಒಂದು ಮಾತು. ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರ ಈಗಿನ ಹುಡುಗರ ಶೋಕಿ, ಡಾರ್ಕ್ ಮೋಡ್ ಎನ್ನುವ ಹೊಸ ಹುಚ್ಚು ಎಂದು ನಾವು ಗೊಣಗುವುದುಂಟು. ನಾವು ಅಕ್ಷರ ಕಲಿತದ್ದೇ ಹಾಗಲ್ಲವೇ? ಕಪ್ಪು ಸ್ಲೇಟು, ಬಿಳಿ ಬಳಪ. ಮೇಷ್ಟ್ರ ಕರಿಹಲಗೆ. ಅದಕ್ಕೂ ಹಿಂದೆ ಕಡತ ಇತ್ತು. ಈಗ ಕಡತ ಎಂದರೆ ತಾಲ್ಲೂಕು ಕಚೇರಿಯ ಫೈಲು. ಆದರೆ ಮೂಲದಲ್ಲಿ ಅದು ಬಟ್ಟೆಯ ಪುಸ್ತಕ. ಹತ್ತಿ ಬಟ್ಟೆಗೆ ಹುಣಸೆ ಬೀಜದ ಸರಿಯನ್ನೂ ಇದ್ದಿಲ ಪುಡಿಯನ್ನೂ ಬಳಿದು ಒಣಗಿಸಿ, ಕಪ್ಪಗೆ ಮಾಡಿ, ಮಡಿಕೆ ಮಡಿಕೆಯಾಗಿ ಮಡಚಿ, ಬಳಪದ ಕಲ್ಲಿನಿಂದ ಬಿಳಿಯಾಗಿ ಬರೆಯುತ್ತಿದ್ದರು. ಮೈಸೂರಿನಲ್ಲಿ ಬ್ರಿಟಿಷ್ ರೆಸಿಡೆಂಟ್ ಆಗಿದ್ದ ಮಾರ್ಕ್ ವಿಲ್ಕ್ಸ್ ತನ್ನ ಚರಿತ್ರೆಯ ಪುಸ್ತಕದಲ್ಲಿ ಕಡತವನ್ನು ವರ್ಣಿಸಿದ್ದಾನೆ. ಅದರ ಮೊದಲ ಸಂಪುಟ 1810ರಲ್ಲಿ ಅಚ್ಚಾಯಿತು. ಎಂಟು ಅಂಗುಲದಿಂದ ಒಂದು ಅಡಿ ಅಗಲ, ಹನ್ನೆರಡರಿಂದ ಹದಿನೆಂಟು ಅಡಿ ಉದ್ದ ಎಂದು ಅಳತೆಯನ್ನೂ ಕೊಟ್ಟಿದ್ದಾನೆ. ತಪ್ಪಾದರೆ ಒರೆಸಿ, ಮತ್ತೆ ಮಸಿ ಬಳಿದು, ಮತ್ತೆ ಬರೆಯಬಹುದಿತ್ತು. ವ್ಯಾಪಾರಿಗಳ ಲೆಕ್ಕ, ಶಾನುಭೋಗರ ಲೆಕ್ಕ ಎಲ್ಲ ಇಂಥದ್ದರಲ್ಲೇ. ನಮ್ಮ ಹಾಗಲವಾಡಿ ಒಂದು ಕಾಲಕ್ಕೆ ಪಾಳೆಯಗಾರರ ಊರು. ಪಕ್ಕದ ಚಿಕ್ಕನಾಯಕನಹಳ್ಳಿಗೆ ಆ ಹೆಸರು ಬಂದದ್ದೂ ಹಾಗಲವಾಡಿಯ ನಾಯಕರೊಬ್ಬರಿಂದಲೇ. ಇಂಥ ಊರುಗಳ ಕಂದಾಯದ ಲೆಕ್ಕವೂ ಕಪ್ಪು ಬಟ್ಟೆಯ ಮೇಲೆ ಬಿಳಿ ಅಕ್ಷರದಲ್ಲಿ ಕೂತಿದ್ದ ಕಾಲ ಅದು. ಕಂಪ್ಯೂಟರಿನ ಫೈಲಿಗೂ ಕನ್ನಡದಲ್ಲಿ ಕಡತ ಎಂದೇ ಹೇಳುತ್ತಾರೆ. ಕೋಬಾಲ್ಟ್ ಹಾಕಿಕೊಂಡ ನನ್ನ ಫೈಲನ್ನು ನೋಡಿದರೆ ಆ ಹೆಸರು ಚೆನ್ನಾಗಿ ಹೊಂದುತ್ತದೆ ಅನ್ನಿಸುತ್ತದೆ.

ಆ ದಿನ ರಾತ್ರಿ ಪುಟ್ಟಿ ತಿದ್ದಿದ ಹಾಡಿನ ಫೈಲನ್ನು ತನ್ನ ಅಮ್ಮನ ಫೋನಿಗೆ ಕಳಿಸಿದಳು. ಅಲ್ಲಿ ತೆರೆದು ನೋಡಿದರೆ ಸಣ್ಣ ಕಪ್ಪು ಅಕ್ಷರ, ಬಿಳಿ ಹಿನ್ನೆಲೆ. ನನ್ನ ಎದೆ ಧಸಕ್ ಎಂದಿತು. "ಅಯ್ಯೋ, ದೊಡ್ಡದು ಮಾಡಿದ್ದೆಲ್ಲ ಹೋಯ್ತಲ್ಲೇ?"

"ಹೋಗಿಲ್ಲ ತಾತ. ಅದು ಫೈಲಲ್ಲಿ ಇರಲೇ ಇಲ್ಲ."

ಫೈಲಿನಲ್ಲಿ ಇರುವುದು ಏನು ಹಾಗಾದರೆ? ಬರೀ ಸಂಖ್ಯೆಗಳು. ಜಗತ್ತಿನ ಲಿಪಿಗಳ ಒಂದೊಂದು ಅಕ್ಷರಕ್ಕೂ ಒಂದೊಂದು ಸಂಖ್ಯೆ ಕೊಟ್ಟಿರುವ ಪಟ್ಟಿಗೆ ಯುನಿಕೋಡ್ ಎಂದು ಹೆಸರು. 1991ರ ಅದರ ಮೊದಲ ಆವೃತ್ತಿಯಿಂದಲೂ ಅದರಲ್ಲಿ ಕನ್ನಡ ಇದೆ. 3200ರಿಂದ 3327ರವರೆಗೆ 128 ಮನೆಗಳ ಒಂದು ಬೀದಿಯನ್ನು ಕನ್ನಡಕ್ಕೆ ಬಿಟ್ಟಿದ್ದಾರೆ. ಕೆಲವು ಮನೆ ಇನ್ನೂ ಖಾಲಿ. 'ಅ' ಇರುವುದು 3205ರಲ್ಲಿ, 'ಕ' 3221ರಲ್ಲಿ, 'ರ' 3248ರಲ್ಲಿ, ಕಕಾರವನ್ನು 'ಕೆ' ಮಾಡುವ ಎತ್ವದ ಗುರುತು 3270ರಲ್ಲಿ. ಈಗ ನನ್ನ ತಪ್ಪನ್ನು ಸಂಖ್ಯೆಯಲ್ಲಿ ನೋಡಿ. ಕೆರೆ ಎಂದರೆ 3221, 3270, 3248, 3270. ಕರೆ ಎಂದರೆ 3221, 3248, 3270. ಒಂದು 3270 ಬಿಟ್ಟುಹೋಯಿತು, ಅಷ್ಟೇ. ಈ ಸಾಲಿನಲ್ಲಿ 28 ಎಂಬ ಅಳತೆ ಎಲ್ಲಿದೆ? ಕಡುನೀಲಿ ಎಲ್ಲಿದೆ? ಎಲ್ಲಿಯೂ ಇಲ್ಲ. ಅವನ್ನು ನೆನಪಿಟ್ಟುಕೊಳ್ಳುವುದು ಎಡಿಟರ್, ತನ್ನದೇ ಬೇರೆ ಜಾಗದಲ್ಲಿ. ಅದಕ್ಕೇ ಒಂದೇ ಫೈಲನ್ನು ಅಕ್ಕಯ್ಯ 28ರಲ್ಲಿ ನೀಲಿ ಹಿನ್ನೆಲೆಯ ಮೇಲೆ ಓದಬಹುದು, ಪುಟ್ಟಿ 11ರಲ್ಲಿ ಕೆನೆ ಬಣ್ಣದ ಮೇಲೆ ಓದಬಹುದು, ಅಚ್ಚಿನವರು ತಮಗೆ ಬೇಕಾದ ಅಳತೆಗೆ ಇಳಿಸಿಕೊಳ್ಳಬಹುದು. ಯಾರು ಏನು ಮಾಡಿಕೊಂಡರೂ ಹಾಡಿಗೆ ಏನೂ ಆಗುವುದಿಲ್ಲ.

ತಾಳೆಗರಿಯ ಹಾಗೆ ಎನ್ನಿ. ಕಂಟ ಎಂಬ ಕಬ್ಬಿಣದ ಮೊನೆಯಿಂದ ಗರಿಯ ಮೇಲೆ ಕೊರೆಯುತ್ತಿದ್ದರು. ಕೊರೆದಾಗ ಅಕ್ಷರ ಸರಿಯಾಗಿ ಕಾಣುವುದೇ ಇಲ್ಲ. ಆಮೇಲೆ ದೀಪದ ಮಸಿಯನ್ನು ಎಣ್ಣೆಯಲ್ಲಿ ಕಲಸಿ ಉಜ್ಜಿ ಒರೆಸಿದರೆ ಗೀರುಗಳಲ್ಲಿ ಕಪ್ಪು ನಿಂತು ಅಕ್ಷರ ಎದ್ದು ಬರುತ್ತದೆ. ವರ್ಷಗಳಾದ ಮೇಲೆ ಮಸಿ ಮಾಸಿದರೆ ಓದುವವರು ಮತ್ತೆ ಉಜ್ಜಿಕೊಳ್ಳುತ್ತಿದ್ದರು. ಬರೆದವನ ಕೆಲಸ ಕೊರೆತ, ಕಾಣಿಸಿಕೊಳ್ಳುವುದು ಓದುವವನ ಕೆಲಸ.

ಇದು ಯಾವಾಗಲೂ ಇಷ್ಟು ಸಲೀಸಾಗಿರಲಿಲ್ಲ ಎನ್ನುವುದು ಇಪ್ಪತ್ತು ಇಪ್ಪತ್ತೈದು ವರ್ಷದ ಹಿಂದೆ ಕಂಪ್ಯೂಟರಿನಲ್ಲಿ ಕನ್ನಡ ಬರೆದವರಿಗೆ ಗೊತ್ತು. ಕೆ. ಪಿ. ರಾವ್ ಅವರು ಕನ್ನಡಕ್ಕೆ ಹೊಂದುವ ಕೀಲಿಮಣೆಯನ್ನು ಯೋಚಿಸಿ, ವಿದ್ವಾಂಸ ಸೇಡಿಯಾಪು ಕೃಷ್ಣಭಟ್ಟರ ನೆನಪಿಗೆ 'ಸೇಡಿಯಾಪು' ಎಂಬ ಹೆಸರಿನಲ್ಲೇ ತಂತ್ರಾಂಶ ಕೊಟ್ಟರು. 1998ರಲ್ಲಿ ಶೇಷಾದ್ರಿವಾಸು ಅವರ 'ಬರಹ' ಬಂತು. ಆಮೇಲೆ ಕನ್ನಡ ಗಣಕ ಪರಿಷತ್ತಿನ 'ನುಡಿ'. ಇವರೆಲ್ಲರ ಉಪಕಾರ ದೊಡ್ಡದು. ಆದರೆ ಆಗ ಕಂಪ್ಯೂಟರುಗಳಿಗೆ ಕನ್ನಡದ ಸಂಖ್ಯೆಗಳೇ ತಿಳಿಯುತ್ತಿರಲಿಲ್ಲವಾದ್ದರಿಂದ, ಇಂಗ್ಲಿಷ್ ಅಕ್ಷರಗಳಿಗೂ ಚಿಹ್ನೆಗಳಿಗೂ ಮೀಸಲಾದ ಸಂಖ್ಯೆಗಳ ಮೇಲೆ ಕನ್ನಡದ ಚೂರುಗಳನ್ನು ಕೂರಿಸಬೇಕಾಗಿತ್ತು. ಕನ್ನಡ ಇದ್ದದ್ದು ಫಾಂಟಿನಲ್ಲಿ, ಫೈಲಿನಲ್ಲಿ ಅಲ್ಲ. ಒಂದು ಸಲ ನಾನು ಶಾಲೆಯ ಸ್ಮರಣ ಸಂಚಿಕೆಯ ಲೇಖನವನ್ನು ಫ್ಲಾಪಿಯಲ್ಲಿ ಹಾಕಿಕೊಂಡು ಒಂದು ಅಚ್ಚಿನ ಅಂಗಡಿಗೆ ಹೋದೆ. ಅವರಲ್ಲಿ ಆ ಫಾಂಟು ಇರಲಿಲ್ಲ. ಪರದೆಯ ಮೇಲೆ ಇಂಗ್ಲಿಷ್ ಅಕ್ಷರ, ಡಾಲರ್ ಗುರುತು, ಪ್ರಶ್ನೆ ಚಿಹ್ನೆ ಎಲ್ಲ ಒಟ್ಟಿಗೆ ಜಾತ್ರೆಗೆ ಬಂದಂತೆ ಕಂಡವು. ಆಗ ಫಾಂಟು ಬದಲಾಯಿಸುವುದೆಂದರೆ ಬರಹವನ್ನೇ ಕೆಡಿಸಿದಂತೆ. ನನ್ನ ಹೆದರಿಕೆಯ ಬೇರು ಅಲ್ಲಿದೆ. 2001ರಲ್ಲಿ ಬಂದ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟಿನ ಜೊತೆ ಯುನಿಕೋಡ್ ಕನ್ನಡ ಸಿಕ್ಕಿತು, ಮೆಲ್ಲಮೆಲ್ಲನೆ ಎಲ್ಲರೂ ಅದಕ್ಕೆ ಬಂದರು. ನಾನು ಮಾತ್ರ ಹಳೆಯ ಹೆದರಿಕೆಯನ್ನು ಜೊತೆಯಲ್ಲೇ ತಂದುಕೊಂಡಿದ್ದೆ.

ಈಗಲೂ ಕೆಲವೊಮ್ಮೆ ಕನ್ನಡದ ಬದಲು ಖಾಲಿ ಚೌಕಗಳ ಸಾಲು ಕಾಣುತ್ತದೆ. ಆ ಸಾಧನದಲ್ಲಿ ಕನ್ನಡದ ಫಾಂಟು ಇಲ್ಲ ಎಂದಷ್ಟೇ ಅದರ ಅರ್ಥ. ಬರಹ ಕೆಟ್ಟಿಲ್ಲ, ಗಾಬರಿಯಾಗಬೇಡಿ. ಕಂಪ್ಯೂಟರಿನವರು ಆ ಚೌಕಗಳನ್ನು ತೋಫು ಎನ್ನುತ್ತಾರೆ, ಅದು ಸೋಯಾ ಹಾಲಿನ ಪನೀರು. ಗೂಗಲ್‌ನವರ ನೋಟೋ ಎಂಬ ಫಾಂಟಿಗೆ ಆ ಹೆಸರು ಬಂದದ್ದೇ 'ನೋ ತೋಫು', ಇನ್ನು ತೋಫು ಬೇಡ ಎನ್ನುವುದರಿಂದ.

ಪುಟ್ಟಿ ಇನ್ನೊಂದು ಪ್ರಶ್ನೆ ಎತ್ತಿದಳು. ಇಂಗ್ಲಿಷ್ ಪಾಠ 12ರಲ್ಲಿ ಆರಾಮಾಗಿ ಓದಬಹುದು, ಕನ್ನಡ 12ರಲ್ಲಿ ಯಾಕೆ ಸಣ್ಣದು? ಇದಕ್ಕೆ ಉತ್ತರ ಅಚ್ಚುಮೊಳೆಯ ಕಾಲದಲ್ಲಿದೆ. ಈ 12, 28 ಎನ್ನುವವು ಪಾಯಿಂಟುಗಳು. 72 ಪಾಯಿಂಟು ಸೇರಿದರೆ ಒಂದು ಅಂಗುಲ. ಆದರೆ ಅದು ಅಕ್ಷರದ ಎತ್ತರ ಅಲ್ಲ, ಅಕ್ಷರ ಕೂತಿರುವ ಸೀಸದ ಮೊಳೆಯ ಎತ್ತರ. ಇಂಗ್ಲಿಷ್ ಅಕ್ಷರ ಆ ಜಾಗದಲ್ಲಿ ಕಾಲು ಚಾಚಿ ಕೂರುತ್ತದೆ. ಕನ್ನಡದ್ದು ಕೂಡು ಕುಟುಂಬ. ತಲೆಯ ಮೇಲೆ ಗುಡಿಸು, ಪಕ್ಕದಲ್ಲಿ ದೀರ್ಘ, ಕಾಲಡಿಯಲ್ಲಿ ಒತ್ತಕ್ಷರ. 'ರಾಷ್ಟ್ರ' ಬರೆದು ನೋಡಿ, ಒಂದೇ ಅಕ್ಷರದ ಕೆಳಗೆ ಇಬ್ಬರು ಜೋತುಬಿದ್ದಿದ್ದಾರೆ. ಎಲ್ಲರಿಗೂ ಅದೇ ಮೊಳೆಯಲ್ಲಿ ಜಾಗ ಮಾಡಬೇಕಾದ್ದರಿಂದ ಮನೆಯ ಯಜಮಾನ ಸಣ್ಣಗಾಗುತ್ತಾನೆ. ಅದರ ಮೇಲೆ, ನಮ್ಮಲ್ಲಿ ಎಷ್ಟೋ ಅಕ್ಷರಗಳನ್ನು ಬೇರೆ ಮಾಡುವುದು ಒಂದು ಸಣ್ಣ ಸೀಳು ಮಾತ್ರ. ದ ಮತ್ತು ಧ, ಬ ಮತ್ತು ಭ, ಡ ಮತ್ತು ಢ. ಆ ಸೀಳು ಕಾಣಿಸದಿದ್ದರೆ ಧನವಂತ ದನವಂತನಾಗುತ್ತಾನೆ. ಇಂಗ್ಲಿಷಿಗೆ ಎಷ್ಟು ಇಡುತ್ತೀರೋ ಕನ್ನಡಕ್ಕೆ ಅದರ ಮೇಲೆ ಎರಡು ಮೂರು ಪಾಯಿಂಟು ಸೇರಿಸಿ ಎನ್ನುವುದು ನನ್ನ ಅನುಭವ.

ಮನೆಯಲ್ಲಿ ವಿಂಡೋಸ್ ಇದ್ದವರು ನೋಟ್‌ಪ್ಯಾಡಿನಲ್ಲಿ ಇದನ್ನೇ ಮಾಡಬಹುದು. ಹಳೆಯದರಲ್ಲಿ ಫಾರ್ಮ್ಯಾಟ್ ಮೆನುವಿನ ಒಳಗೆ ಫಾಂಟ್ ಇದೆ. ವಿಂಡೋಸ್ 11ರಲ್ಲಾದರೆ ಬಲಗಡೆ ಮೇಲೆ ಹಲ್ಲುಚಕ್ರದ ಗುರುತು ಒತ್ತಿ, ಅಲ್ಲಿ ಫಾಂಟೂ ಇದೆ, ಕಪ್ಪು ಹಿನ್ನೆಲೆಯೂ ಇದೆ. ಕಂಟ್ರೋಲ್ ಕೀಲಿ ಹಿಡಿದು ಪ್ಲಸ್ ಒತ್ತಿದರೆ ಆ ಹೊತ್ತಿಗೆ ಹಿಗ್ಗುತ್ತದೆ, ಸೊನ್ನೆ ಒತ್ತಿದರೆ ಮೊದಲಿನಂತಾಗುತ್ತದೆ. ಫೋನಿನಲ್ಲಿ ಸೆಟ್ಟಿಂಗ್ಸ್‌ನ ಡಿಸ್‌ಪ್ಲೇ ಭಾಗದಲ್ಲಿ ಅಕ್ಷರದ ಗಾತ್ರ ಎಂದು ಇರುತ್ತದೆ.

ಆದರೆ ಮಕ್ಕಳೇ, ನಿಮಗೆ ಚೆಂದ ಕಂಡದ್ದನ್ನು ಅಜ್ಜಿಯ ಫೋನಿಗೆ ಹಾಕಿ ಓಡಿಹೋಗಬೇಡಿ. ಕಪ್ಪು ಹಿನ್ನೆಲೆ ಅಕ್ಕಯ್ಯನಿಗೆ ಹಿಡಿಸಿತು ಎಂದು ಎಲ್ಲರಿಗೂ ಹಿಡಿಸುವುದಿಲ್ಲ. ನನ್ನನ್ನೇ ನೋಡಿ. ನನ್ನ ಕಣ್ಣಿನ ಗುಡ್ಡೆಯ ಬಾಗು ಒಂದೇ ಸಮ ಇಲ್ಲ, ಅದಕ್ಕೆ ಕನ್ನಡಕದಲ್ಲಿ ಬೇರೆಯೇ ನಂಬರು ಇದೆ. ನನಗೆ ಕಪ್ಪಿನ ಮೇಲೆ ಬಿಳಿ ಅಕ್ಷರ ಎಂದರೆ ಪ್ರತಿಯೊಂದಕ್ಕೂ ನೆರಳು ಹುಟ್ಟಿಕೊಂಡಂತೆ ಕಾಣುತ್ತದೆ. ಬಿಳಿ ಪರದೆಯ ಬೆಳಕಿಗೆ ಕಣ್ಣಿನ ಪಾಪೆ ಕಿರಿದಾಗುತ್ತದೆ. ಪಾಪೆ ಕಿರಿದಾದಷ್ಟೂ ನೋಟ ಚೂಪು. ಅದಕ್ಕೇ ನನಗೆ ಬಿಳಿಯೇ ಸರಿ, ಬೆಳಕು ಸ್ವಲ್ಪ ತಗ್ಗಿಸಿಕೊಂಡರೆ ಸಾಕು. ಒಂದೇ ತಾಯಿಯ ಇಬ್ಬರು ಮಕ್ಕಳು ನಾವು, ಒಂದೇ ಪರದೆ, ಬೇರೆ ಬೇರೆ ಬಣ್ಣ.

ಇನ್ನೊಂದು ಮುಖ್ಯ ವಿಷಯ, "ಕಾಣಿಸುತ್ತಾ?" ಎಂದು ಕೇಳಬೇಡಿ. ಕೇಳಿದರೆ ಬರುವ ಉತ್ತರ ನಮ್ಮ ಮನೆಯಲ್ಲಿ ಬಂದದ್ದೇ. ನಮ್ಮ ವಯಸ್ಸಿನವರಿಗೆ ಕಾಣುವುದಿಲ್ಲ ಎನ್ನುವುದಕ್ಕೆ ನಾಚಿಕೆ, ನಿಮಗೆ ತೊಂದರೆ ಕೊಡುವುದಕ್ಕೆ ಸಂಕೋಚ. ಪುಟ್ಟಿ ಈಗ ಮಾಡುವ ಉಪಾಯ ಹೀಗಿದೆ. ಎಡಿಟರಿನಲ್ಲಿ ಜೋಡಿ ಪದಗಳನ್ನು ಬರೆಯುತ್ತಾಳೆ: ಕರೆ ಕೆರೆ, ದನ ಧನ, ಬಾರ ಭಾರ, ಮನೆ ಮೊನೆ, ಕೊನೆಗೆ ಕನ್ನಡದ ಅಂಕಿ ೬ ಮತ್ತು ೭. ಜೋರಾಗಿ ಓದಲು ಹೇಳುತ್ತಾಳೆ. ತಡವರಿಸದೆ ಓದುವ ತನಕ ಅಳತೆ ಏರಿಸುತ್ತಾಳೆ, ಆಮೇಲೆ ಎರಡು ಮೂರು ಬಣ್ಣ ಬದಲಿಸಿ ಮತ್ತೆ ಓದಿಸುತ್ತಾಳೆ. ನಮ್ಮ ಬೀದಿಯಲ್ಲಿ ಐದು ಜನರಿಗೆ ಈ ಪರೀಕ್ಷೆ ಮಾಡಿ, ಅವರವರ ಫೋನುಗಳನ್ನು ಸರಿಮಾಡಿಕೊಟ್ಟಳು. ಒಬ್ಬರಿಗೆ ಎಷ್ಟು ದೊಡ್ಡದು ಮಾಡಿದರೂ ೬ ಯಾವುದು ೭ ಯಾವುದು ತಿಳಿಯಲಿಲ್ಲ. ಅವರನ್ನು ಕಣ್ಣಿನ ಡಾಕ್ಟರ ಹತ್ತಿರ ಕರೆದುಕೊಂಡು ಹೋಗಬೇಕು ಎಂದು ಅವರ ಮಗನಿಗೆ ಹೇಳಿದ್ದೇವೆ. ಎಡಿಟರ್ ಮಾಡುವ ಕೆಲಸಕ್ಕೆ ಒಂದು ಮಿತಿ ಇದೆ.

ರಜೆ ಮುಗಿಸಿ ಪುಟ್ಟಿ ಹೋದಳು. ಹೋಗುವ ಮುಂಚೆ ಹಾಲಿನ ಲೆಕ್ಕ ಬರೆಯುವ ಕ್ಯಾಲೆಂಡರಿನ ಮೂಲೆಯಲ್ಲಿ 'ದೊಡ್ಡಜ್ಜಿ 28 ನೀಲಿ, ತಾತ 14 ಬಿಳಿ' ಎಂದು ಬರೆದು ಹೋಗಿದ್ದಾಳೆ. ಬೆಳಿಗ್ಗೆ ನಾನು ಟೈಪ್ ಮಾಡುವಾಗ 14 ಬಿಳಿ. ಸಂಜೆ ಅಕ್ಕಯ್ಯ ಜಗಲಿಗೆ ಬರುವ ಮೊದಲು 28 ನೀಲಿ ಮಾಡಿಡುತ್ತೇನೆ. ಒಂದು ದಿನ ಮರೆತಿದ್ದೆ. ಪರದೆಯ ಕಡೆ ಬಗ್ಗಿದವಳು ತಕ್ಷಣ ನೆಟ್ಟಗಾಗಿ, "ಇದು ನಂದಲ್ಲ, ನಂದು ಹಾಕ್ಲಾ" ಎಂದಳು. ಮೂರು ತಿಂಗಳು ಸುಮ್ಮನಿದ್ದವಳು ಈಗ ಕೇಳುತ್ತಾಳೆ.

ಹದಿನಾಲ್ಕು ಹಾಡುಗಳನ್ನೂ ಮತ್ತೆ ಮೊದಲಿಂದ ನೋಡುತ್ತಿದ್ದೇವೆ. ಒಂಬತ್ತು ಮುಗಿದಿವೆ. ನಾನು ಕೇಳಿಸಿಕೊಂಡದ್ದು ತಪ್ಪು, ಒತ್ತಿದ್ದು ತಪ್ಪು, ಅರ್ಥವಾಗದೆ ನಾನೇ ಜಾಣತನದಿಂದ ತಿದ್ದಿದ್ದು ಅದಕ್ಕಿಂತ ದೊಡ್ಡ ತಪ್ಪು, ಎಲ್ಲ ಹೊರಗೆ ಬರುತ್ತಿವೆ. ಅರಿಶಿನ ಹಚ್ಚುವ ಹಾಡಿನಲ್ಲಿ ಎರಡು ಸಾಲು ನಾನು ಬರೆದಂತಿಲ್ಲ ಎಂದು ಅವಳಿಗೆ ಖಚಿತ, ಆದರೆ ಅವ್ವ ಹೇಗೆ ಹಾಡುತ್ತಿದ್ದಳು ಎನ್ನುವುದು ನೆನಪಾಗುತ್ತಿಲ್ಲ. ನಾನು ಬರೆದದ್ದನ್ನು ಅಳಿಸಿದ್ದೇನೆ. ಆ ಎರಡು ಸಾಲಿನ ಜಾಗ ಈಗ ಖಾಲಿ, ಬರೀ ನೀಲಿ. ದಿನಾ ಸಂಜೆ ಅಕ್ಕಯ್ಯ ಮೊದಲು ಅದನ್ನು ತೆಗೆಸಿ ಒಂದು ಗಳಿಗೆ ನೋಡುತ್ತಾಳೆ, ಆಮೇಲೆ ಮುಂದಿನ ಹಾಡು ತೆಗೆ ಅನ್ನುತ್ತಾಳೆ.